ಕೆಸರಿನ ಕೆಳಗಿನ ಓಣಿ

ಬುಟ್ಟಿಯಿಂದ ಸೋರುವ ಕೆಸರು ನೀರು ಕತ್ತಿನ ಹಿಂದೆ ಇಳಿದು ಬೆನ್ನೆಲ್ಲ ಹರಿಯುತ್ತಿತ್ತು. ಒರೆಸಿಕೊಳ್ಳೋಣವೆಂದರೆ ಕೈ ಬಿಡುವಿಲ್ಲ; ಎರಡೂ ಕೈ ತಲೆಯ ಮೇಲಿನ ಬುಟ್ಟಿಗೆ. ಕಾಲಿಟ್ಟರೆ ಮೊಣಕಾಲುದ್ದ ಹೂಳು. ಕಿತ್ತು ತೆಗೆಯುವಷ್ಟರಲ್ಲಿ ಅರ್ಧ ಜೀವ ಹೋಗುತ್ತದೆ. ಗಡಿಗೆಯಕ್ಕ ಹಲ್ಲು ಕಚ್ಚಿಕೊಂಡು ನಡೆದಳು. ಮುಂದೆ ದರ್ಜಿಯ ಹೆಂಡತಿ, ಹಿಂದೆ ಬಡಿಗಜ್ಜ, ಅವನ ಹಿಂದೆ ಸಾಲಾಗಿ ಊರಿನ ಹೆಂಗಸರು, ಗಂಡಸರು.

ಊರು ಎಂದರೆ ಈಗ ಊರಿಲ್ಲ. ಅಣೆಕಟ್ಟಿನ ನೀರು ಬಂದು ಹನ್ನೆರಡು ವರ್ಷವಾಗಿತ್ತು. ಈ ಬೇಸಗೆಯಲ್ಲಿ ನೀರು ಹಿಂದೆಂದೂ ಇಲ್ಲದಷ್ಟು ದೂರ ಸರಿದು, ಊರಿದ್ದ ಜಾಗ ಬಿಸಿಲಿಗೆ ಬಿದ್ದಿತ್ತು. ಮಣ್ಣಿನ ಗೋಡೆಗಳು ಎಂದೋ ಕರಗಿದ್ದವು. ತೊಲೆ ಬಾಗಿಲುಗಳನ್ನು ಜನ ಹೊರಡುವಾಗಲೇ ಕಿತ್ತುಕೊಂಡು ಹೋಗಿದ್ದರು. ಉಳಿದದ್ದು ಕಣ್ಣು ಹಾಯುವಷ್ಟು ದೂರ ಬೂದು ಬಣ್ಣದ ಹೂಳು, ಅದರ ನಡುವೆ ಒಂದು ಬಾವಿಯ ಕಲ್ಲಿನ ಬಾಯಿ. ಗುಡ್ಡ ನೋಡಿ ದಿಕ್ಕು ಹಿಡಿಯೋಣವೆಂದರೆ ಆ ಗುಡ್ಡವನ್ನೇ ಒಡೆದು ಅಣೆಕಟ್ಟಿಗೆ ಹಾಕಿದ್ದರು.

ಬಾವಿಯ ಪಕ್ಕದ ಗುಂಡಿಯಿಂದ ದಡದಲ್ಲಿ ನಿಂತ ಲಾರಿಗೆ ಮಣ್ಣು ಹೊರುವುದು ಇವರ ಕೆಲಸ. ಲಾರಿ ಹೂಳಿಗೆ ಇಳಿದರೆ ಮೇಲೇಳುವುದಿಲ್ಲ. ಮನುಷ್ಯರಾದರೆ ಹೇಗೋ ಏಳುತ್ತಾರೆ. ಅಗೆಯುವವರನ್ನು ಸಾಹುಕಾರ ಬೇರೆ ಕಡೆಯಿಂದ ಕರೆಸಿದ್ದ. ಜಲಾಶಯದ ಹೂಳೆತ್ತುವ ಗುತ್ತಿಗೆ ಅವನದು, ಇಟ್ಟಿಗೆ ಭಟ್ಟಿಯೂ ಅವನದೇ. ಹೂಳು ಎತ್ತಿದ್ದಕ್ಕೆ ಸರಕಾರದ ದುಡ್ಡು, ಎತ್ತಿದ ಮಣ್ಣನ್ನು ಇಟ್ಟಿಗೆ ಮಾಡಿದರೆ ಮತ್ತೊಂದು ದುಡ್ಡು. ಬಾಚಿಕೊಳ್ಳಲು ದೇವರು ಎರಡೇ ಕೈ ಕೊಟ್ಟನಲ್ಲ ಎಂಬುದೊಂದೇ ಅವನ ಕೊರಗು.

ಗುಂಡಿಯಿಂದ ಲಾರಿಗೆ ನೇರ ನಡೆದರೆ ದಾರಿ ಹತ್ತಿರ. ಆದರೆ ಸಾಲು ನೇರ ನಡೆಯುತ್ತಿರಲಿಲ್ಲ. ಬಾವಿಯಿಂದ ಸ್ವಲ್ಪ ಮುಂದೆ ಹೋಗಿ ಬಲಕ್ಕೆ ತಿರುಗುತ್ತಿತ್ತು. ಅಲ್ಲಿಂದ ಎಡಕ್ಕೆ. ಆಮೇಲೆ ಬರಿ ಬಯಲಿನಲ್ಲಿ ಏನನ್ನೋ ಬಳಸಿಕೊಂಡು ದಡಕ್ಕೆ ಹತ್ತುತ್ತಿತ್ತು. ಮೊದಲ ದಿನದಿಂದಲೂ ಹಾಗೇ. ಯಾರೂ ಹೇಳಿಕೊಟ್ಟದ್ದಲ್ಲ. ಕಾಲು ತಾನೇ ಹೋಗುತ್ತಿತ್ತು.

ದಡದ ಮೇಲೆ ಕೊಡೆ ಹಿಡಿದು ನಿಂತಿದ್ದ ಮೇಸ್ತ್ರಿಗೆ ರೇಗಿತು.

"ಏಯ್, ನೇರ ಬನ್ನಿ. ಸುತ್ತು ಹೊಡ್ಕೊಂಡು ಹೊತ್ತು ಕಳೀತೀರಾ?"

"ನೇರ ಹೇಗೆ ಬರೋದು ಮೇಸ್ತ್ರಿ?" ಎಂದಳು ಗಡಿಗೆಯಕ್ಕ. "ಅಡ್ಡ ಮನೆ ಇದೆಯಲ್ಲ."

"ಯಾರ ಮನೆ?"

"ದರ್ಜಿ ಮನೆ."

ಮೇಸ್ತ್ರಿ ಕೆಸರನ್ನು ನೋಡಿದ, ಅವಳನ್ನು ನೋಡಿದ. "ಬಿಸಿಲಿಗೆ ತಲೆ ಕೆಟ್ಟಿದೆ ನಿಮಗೆ. ಅಲ್ಲೇನಿದೆ?"

"ನಮ್ಮ ಅಡುಗೆಮನೆ ಇದೆ ಅಣ್ಣ," ಎಂದಳು ದರ್ಜಿಯ ಹೆಂಡತಿ. "ಇಷ್ಟು ಜನ ಕೆಸರು ಕಾಲಲ್ಲಿ ತುಳ್ಕೊಂಡು ಹೋದ್ರೆ ಸಾರಿಸೋರು ಯಾರು? ನೀವು ಬರ್ತೀರಾ?"

ಸಾಲಿನುದ್ದಕ್ಕೂ ನಗು ಹರಿದು ಹೋಯಿತು. ಆ ನಗುವಿಗೆ ಮೇಸ್ತ್ರಿ ಸಂಜೆ ಎಲ್ಲರ ಕೂಲಿಯಲ್ಲೂ ಮುರಿದುಕೊಂಡ. ಮಾರನೆಯ ದಿನ ಎಲ್ಲರೂ ನೇರ ಹೋಗಬೇಕೆಂದು ನಿಶ್ಚಯ ಮಾಡಿಕೊಂಡೇ ಇಳಿದರು. ದರ್ಜಿಯ ಮನೆಯ ಮೂಲೆ ಬಂತು, ಕಾಲು ಬಲಕ್ಕೆ ತಿರುಗಿತು. ಬಡಿಗಜ್ಜನಂತೂ ತನ್ನ ಮನೆಯ ಬಾಗಿಲು ಇದ್ದಲ್ಲಿ ತಲೆ ತಗ್ಗಿಸಲು ಹೋಗಿ ಬುಟ್ಟಿಯನ್ನೇ ಬೀಳಿಸಿಕೊಂಡ. ಆ ದಿನ ಯಾರೂ ನಗಲಿಲ್ಲ.

ಇಲ್ಲಿ ಅಗೆಯಿರಿ ಎಂದು ಜಾಗ ತೋರಿಸಿದವಳು ಗಡಿಗೆಯಕ್ಕನೇ.

ಅವಳು ಗಡಿಗೆ ಮಾಡುವುದು ಬಿಟ್ಟು ಊರು ಮುಳುಗಿದಷ್ಟೇ ವರ್ಷವಾಗಿತ್ತು. ಇವರನ್ನು ತಂದು ಹಾಕಿದ ಏರಿನ ಮೇಲೆ ಬರೀ ಗರಸು, ಹಿಡಿ ಜೇಡಿಯೂ ಇಲ್ಲ. ಕುಂಬಾರಗಿತ್ತಿಗೆ ಮಣ್ಣಿಲ್ಲದ ಜಾಗ ಕೊಟ್ಟ ಅಧಿಕಾರಿಗಳು ಬೆಸ್ತರಿಗೆ ನೀರಿಲ್ಲದ ಜಾಗ ಕೊಟ್ಟಿದ್ದರೂ ಆಶ್ಚರ್ಯವಿರಲಿಲ್ಲ. ತಿಗರಿಯ ಚಕ್ರವನ್ನು ಅವಳು ತಗಡಿನ ಶೆಡ್ಡಿನ ಗೋಡೆಗೆ ಒರಗಿಸಿದ್ದಳು. ಗಾಳಿ ಬಂದರೆ ತಗಡು ಹಾರದಂತೆ ಅದು ತಡೆಯುತ್ತಿತ್ತು. ಗಂಡ ಆ ವರ್ಷವೇ ಕೆಲಸ ಹುಡುಕಿಕೊಂಡು ಹೋದವನು, ಹೋದವನು ಹೋದ.

ಸಾಹುಕಾರ ಅವಳನ್ನು ಹುಡುಕಿಕೊಂಡು ಬಂದಾಗ ಬಾಯಲ್ಲಿ ಬೆಲ್ಲವಿತ್ತು.

"ಅಕ್ಕ, ಮೇಲಿನ ಹೂಳಲ್ಲಿ ಇಟ್ಟಿಗೆ ನಿಲ್ಲಲ್ಲ. ಕೆಳಗಡೆ ಒಳ್ಳೆ ಜೇಡಿ ಎಲ್ಲಿದೆ ಅಂತ ನಿನಗಿಂತ ಯಾರಿಗೆ ಗೊತ್ತು? ತೋರಿಸು. ನಿಮ್ಮೂರಿನೋರಿಗೇ ಕೆಲಸ."

"ತೋರಿಸ್ತೀನಿ. ಮಕ್ಕಳ ಮಣ್ಣು ಮುಟ್ಟಬಾರದು."

"ಯಾವ ಮಕ್ಕಳು?"

ಅವಳು ಹೇಳಿದಳು. ಊರಿನಲ್ಲಿ ಎರಡು ಬಾವಿ. ಮೇಲೆ ದೊಡ್ಡ ಬಾವಿ, ಅದರ ಪಕ್ಕದಲ್ಲೇ ಅವಳು ಜೇಡಿ ತರುತ್ತಿದ್ದ ಗುಂಡಿ. ಇಳಿಜಾರಿನ ಕೊನೆಯಲ್ಲಿ ಕೆಳಗಿನ ಬಾವಿ, ಅದರ ಪಕ್ಕದಲ್ಲಿ ಸತ್ತ ಮಕ್ಕಳನ್ನು ಹೂಳುವ ಜಾಗ. ಯಾರ ಮನೆಯಲ್ಲಿ ಮಗು ಸತ್ತರೂ ಅವಳು ಅಂಗೈಯಗಲದ ಒಂದು ಕುಡಿಕೆ ಮಾಡಿ, ಸುಟ್ಟು ಕೊಡುತ್ತಿದ್ದಳು. ಕಾಸು ಕೇಳುತ್ತಿರಲಿಲ್ಲ. ಮಗುವಿನ ತಲೆಯ ಬಳಿ ಅದನ್ನು ಬೋರಲು ಹಾಕಿ ಮಣ್ಣು ಮುಚ್ಚುತ್ತಿದ್ದರು. ಮಗುವನ್ನು ಬರಿಗೈಯಲ್ಲಿ ಕಳಿಸಬಾರದು, ಅಷ್ಟೆ.

ಅವಳದೂ ಒಂದು ಅಲ್ಲಿತ್ತು. ನಾಲ್ಕು ವರ್ಷದ ಮಗಳು, ಜ್ವರಕ್ಕೆ ಹೋದವಳು. ಊರಿಗೆಲ್ಲ ಕುಡಿಕೆ ಮಾಡಿಕೊಟ್ಟ ತಾಯಿ ಅಂದು ಚಕ್ರದ ಮುಂದೆ ಕೂತರೆ ಕೈ ಏಳಲಿಲ್ಲ. ಹಿಂದಿನ ವಾರ ಮಗಳೇ ಹಸಿ ಅಂಚಿಗೆ ಬೆರಳೊತ್ತಿ ಕೆಡಿಸಿ, ಬೈಸಿಕೊಂಡಿದ್ದ ಕುಡಿಕೆಯೊಂದು ಹಾಗೇ ಸುಟ್ಟು ಮೂಲೆಯಲ್ಲಿತ್ತು. ಅದನ್ನೇ ಇಟ್ಟಳು. ಬೈದದ್ದು ಇವತ್ತಿಗೂ ಅವಳ ಎದೆಯಲ್ಲಿ ಮುಳ್ಳಿನಂತೆ ಮುರಿದುಕೊಂಡಿದೆ.

ಊರು ಬಿಡಿಸುವಾಗ ಅಧಿಕಾರಿಯೊಬ್ಬ, ಸತ್ತವರನ್ನೂ ಮೇಲಕ್ಕೆ ತರುತ್ತೇವೆ, ಒಬ್ಬರನ್ನೂ ಬಿಡುವುದಿಲ್ಲ ಎಂದಿದ್ದ. ಏರಿನ ಮೇಲೆ ಜಾಗ ಗುರುತಾಯಿತು. ಬೇಲಿ ಬಂತು, ಬೋರ್ಡು ಬಂತು, ಸತ್ತವರು ಮಾತ್ರ ಬರಲಿಲ್ಲ. ಅವರಿಗಿಂತ ಮೊದಲು ನೀರು ಬಂತು.

"ಅಯ್ಯೋ ಅಕ್ಕ, ನಾನೂ ಮಕ್ಕಳೊಂದಿಗ," ಎಂದಿದ್ದ ಸಾಹುಕಾರ. "ನೀನು ಬೇಡ ಅಂದ ಕಡೆ ಒಂದು ಗುದ್ದಲಿ ಬೀಳಲ್ಲ."

ನಂಬಿದಳು. ಹೂಳಿಗಿಳಿದು, ಕಾಣುತ್ತಿದ್ದ ಬಾವಿಯ ಬಾಯಿಯ ಹತ್ತಿರ ನಿಂತಳು. ಕಾಣುವುದು ಒಂದೇ ಬಾವಿ. ಅದು ದೊಡ್ಡ ಬಾವಿಯಲ್ಲದೆ ಇನ್ನೇನು? ಮೇಲಿದ್ದದ್ದು ತಾನೇ ಮೊದಲು ಕಾಣಬೇಕು. ಬಡಿಗಜ್ಜ ಮಾತ್ರ ಬಾವಿಯ ಸುತ್ತ ಒಂದು ಸುತ್ತು ಬಂದು ತಲೆ ಕೆರೆದುಕೊಂಡಿದ್ದ.

"ದೊಡ್ಡ ಬಾವಿ ಇಷ್ಟು ಚಿಕ್ಕದಿತ್ತೇನವ್ವ?"

"ಬಿಟ್ಟು ಹೋದ ಊರು ಚಿಕ್ಕದಾಗೇ ಕಾಣೋದು ಅಜ್ಜ," ಎಂದಿದ್ದಳು ಅವಳು. ಎಂದು, ಬಾವಿಯ ಎಡಕ್ಕೆ ಕೈ ತೋರಿಸಿದ್ದಳು. ಗುದ್ದಲಿಯವರು ಹೂಳಿನ ಪದರ ದಾಟಿ ಕೆಳಗಿನಿಂದ ಒಂದು ಹೆಂಟೆ ತೆಗೆದು ಅವಳ ಕೈಗಿಟ್ಟರು. ಬೆರಳುಗಳ ನಡುವೆ ತಿಕ್ಕಿ ನೋಡಿದಳು. ಕರಿ ಜೇಡಿ, ಬೆಣ್ಣೆಯಂಥದು. ಹನ್ನೆರಡು ವರ್ಷದ ಮೇಲೆ ಕೈಗೆ ಸಿಕ್ಕ ಮಣ್ಣು. ಅವಳಿಗೆ ಸಂತೋಷವಾಯಿತು. ಆ ಸಂತೋಷವನ್ನು ಆಮೇಲೆ ಎಷ್ಟು ಸಲ ಶಪಿಸಿಕೊಂಡಳೋ ಅವಳಿಗೇ ಗೊತ್ತು.

ಕೆಲಸ ಶುರುವಾಗಿ ತಿಂಗಳು ಕಳೆದಿರಬೇಕು. ಒಂದು ದಿನ ಮೇಸ್ತ್ರಿ ಬುಟ್ಟಿ ಇಳಿಸುವ ಮೊದಲೇ ಅವಳನ್ನು ತರುಬಿದ.

"ಸಾಹುಕಾರ್ರು ಕರೀತಿದಾರೆ. ನೀನು ತೋರಿಸಿದ ಮಣ್ಣಿನ ತುಂಬ ಬೋಕಿ, ಒಡೆದ ಮಡಕೆ ಚೂರು. ಇಟ್ಟಿಗೆ ಬಿರುಕು ಬಿಡ್ತಿದಾವೆ. ಬಂದು ನೋಡು. ನಷ್ಟ ನಿನ್ನ ಕೂಲೀಲೇ ಹಿಡೀತಾರಂತೆ."

"ಜೇಡಿ ಗುಂಡೀಲಿ ಬೋಕಿ ಎಲ್ಲಿಂದ ಬರುತ್ತೆ?" ಎಂದಳು.

"ಅದನ್ನ ಅಲ್ಲೇ ಹೇಳು."

ಲಾರಿಯ ಹಿಂದೆ ಮಣ್ಣಿನ ಮೇಲೆ ಕೂತು ಹೊರಟಳು. ದಾರಿಯಲ್ಲಿ, ನೀರಿನ ಕಡೆ ಮುಖ ಮಾಡಿಕೊಂಡು ಹೊಸದಾಗಿ ಎದ್ದ ಬಂಗಲೆ ಸಿಕ್ಕಿತು. ಜಲಾಶಯ ನೋಡಲು ಬರುವ ದೊಡ್ಡವರು ಇಳಿದುಕೊಳ್ಳಲಿ ಎಂದು ಸಾಹುಕಾರನೇ ಕಟ್ಟಿಸುತ್ತಿದ್ದದ್ದು. ಕೆಂಪು ಇಟ್ಟಿಗೆಯ ಗೋಡೆ, ಅದರ ಮುಂದೆ ಅಗಲವಾದ ಕಲ್ಲಿನ ಮೆಟ್ಟಿಲು. ಲಾರಿ ತಿರುವಿನಲ್ಲಿ ನಿಧಾನವಾಯಿತು. ಅವಳ ಕಣ್ಣು ಮೆಟ್ಟಿಲ ಮೇಲೆ ನಿಂತಿತು.

ಕಲ್ಲಿನ ಅಂಚಿನಲ್ಲಿ ಹಗ್ಗ ಉಜ್ಜಿ ಉಜ್ಜಿ ಆದ ಗೆರೆಗಳಿದ್ದವು. ಒಂದು ಗೆರೆ ಬೆರಳು ಮುಳುಗುವಷ್ಟು ಆಳ. ಆ ಗೆರೆ ಯಾರ ಹಗ್ಗದ್ದೆಂದು ಅವಳಿಗೆ ಹೇಳಬೇಕಾಗಿರಲಿಲ್ಲ. ಜೇಡಿ ನೆನೆಸಲು ಊರಿನಲ್ಲಿ ಎಲ್ಲರಿಗಿಂತ ಹೆಚ್ಚು ನೀರು ಸೇದುತ್ತಿದ್ದ ಮನೆ ಅವಳದೇ. ಅತ್ತೆ ಸೇದಿದ್ದಳು, ಅವಳು ಸೇದಿದ್ದಳು.

ದೊಡ್ಡ ಬಾವಿಯ ಕಲ್ಲು ಇಲ್ಲಿದ್ದರೆ, ಅಲ್ಲಿ ಕಾಣುವುದು ಯಾವ ಬಾವಿ?

ಹೋದ ಬೇಸಗೆ ಊರಿನವರೆಲ್ಲ ದೂರದ ರಸ್ತೆ ಕೆಲಸಕ್ಕೆ ಹೋಗಿದ್ದರು. ನೀರು ಸ್ವಲ್ಪ ಸರಿದಿತ್ತೆಂದು ಬಂದ ಮೇಲೆ ಕೇಳಿದ್ದರು. ಮೇಲಿನ ಬಾವಿ ಆಗಲೇ ಕಂಡಿರಬೇಕು. ಕಂಡ ಕಲ್ಲನ್ನು ಕಿತ್ತು ಸಾಗಿಸಿದ್ದರು. ಲಾರಿ ನಿಲ್ಲಿಸಿ ಎಂದು ಕೂಗಿದಳು. ಯಂತ್ರದ ಸದ್ದಿನಲ್ಲಿ ಯಾರಿಗೂ ಕೇಳಲಿಲ್ಲ. ತಾನು ಕೂತ ಮಣ್ಣಿನ ಮೇಲಿಂದ ಎದ್ದು ನಿಂತಳು. ಭಟ್ಟಿ ಬರುವವರೆಗೂ ಲಾರಿಯ ಹಲಗೆ ಹಿಡಿದು ನಿಂತೇ ಬಂದಳು.

ಭಟ್ಟಿಯಲ್ಲಿ ಇಟ್ಟಿಗೆ ಅಚ್ಚು ಹಾಕುವ ಮುದುಕ ತನ್ನ ಪಾಡಿಗೆ ತಾನು ಕೆಲಸ ಮಾಡುತ್ತಿದ್ದ. ಅವನ ಪಕ್ಕದಲ್ಲಿ ಮಣ್ಣಿನಿಂದ ಆರಿಸಿ ಎಸೆದ ಬೋಕಿಯ ಗುಡ್ಡೆಯಿತ್ತು.

"ನೋಡು ತಾಯಿ, ಏನು ಮಣ್ಣು ಕೊಟ್ಟಿದೀಯ," ಎಂದ. "ಆರಿಸಿ ಆರಿಸಿ ಸಾಕಾಯ್ತು. ಎಲ್ಲ ಒಂದೇ ಥರದ್ದು, ಚಿಕ್ಕ ಚಿಕ್ಕ ಕುಡಿಕೆ. ಅಲ್ಲೇನು ಅಂಗಡಿ ಇತ್ತಾ? ಜೊತೇಲಿ ಬೆಳ್ಳನೆ ಹರಳು ಬೇರೆ. ಸುಣ್ಣ ಇರಬೇಕು, ಕೈಲಿ ಹಿಸುಕಿದ್ರೆ ಪುಡಿಯಾಗುತ್ತೆ."

ಅವಳು ಗುಡ್ಡೆಯ ಮುಂದೆ ಕೂತಳು. ಮೇಲಿನಿಂದ ಒಂದು ಕುಡಿಕೆಯ ತಳ ಎತ್ತಿದಳು. ಒಳಗೆ ಅವಳದೇ ಹೆಬ್ಬೆರಳಿನ ಒತ್ತು. ಇನ್ನೊಂದು. ಮತ್ತೊಂದು. ಇದು ದರ್ಜಿಯ ಅವಳಿ ಮಕ್ಕಳದು. ಎರಡನ್ನೂ ಒಂದೇ ದಿನ ಮಾಡಿದ್ದಳು. ಇದು ಬಡಿಗಜ್ಜನ ಮೊಮ್ಮಗನದು, ಅಂಚು ಸ್ವಲ್ಪ ದಪ್ಪ. ಹುಡುಕಿದಳು. ಸಿಗದಿರಲಿ ಎಂದುಕೊಳ್ಳುತ್ತಲೇ ಹುಡುಕಿದಳು. ಗುಡ್ಡೆಯ ಅಡಿಯಲ್ಲಿ ಸಿಕ್ಕಿತು. ಅರ್ಧ ಒಡೆದ ಅಂಚು, ಅದರ ಮೇಲೆ ಕಡಲೆಕಾಳಿನಷ್ಟು ಚಿಕ್ಕದೊಂದು ಬೆರಳಿನ ಗುಳಿ. ಒದ್ದೆ ಮಣ್ಣಿನಲ್ಲಿ ಕುಡಿಕೆಯೂ ಹೆಂಟೆಯೇ, ಅಗೆದವರಿಗೆ ಕಂಡಿಲ್ಲ. ತಲೆಯ ಮೇಲೆ ಹೊತ್ತವರಿಗೆ ಕಾಣುವಂತೆಯೇ ಇರಲಿಲ್ಲ.

"ಅಪ್ಪಾ, ಇದು ಯಾವ ಮಣ್ಣಲ್ಲಿ ಸಿಕ್ಕಿದ್ದು?"

"ಅಡೀಲಿರೋದು ಮೊದಲ ಲಾರಿಗಳದು ತಾಯಿ. ಅದೆಲ್ಲ ಆಗಲೇ ಸುಟ್ಟು ಆಯ್ತು, ಬಂಗಲೆ ಗೋಡೆಗೆ ಹೋಯ್ತು." ಅವನು ಕೈಯಿಂದ ಉದ್ದಕ್ಕೆ ಪೇರಿಸಿದ್ದ ಹಸಿ ಇಟ್ಟಿಗೆಯ ಗೂಡು ತೋರಿಸಿದ. "ಇದು ಆಮೇಲಿಂದು. ಇವತ್ತು ಸಂಜೆ ಬೆಂಕಿ ಹಾಕ್ತಾರೆ. ಯಾಕೆ ತಾಯಿ? ಏನಾಯ್ತು?"

ಅವಳು ಹೇಳಿದಳು. ಮುದುಕನ ಕೈಯಲ್ಲಿದ್ದ ಅಚ್ಚು ಕೆಳಗೆ ಬಿತ್ತು. ಅವನು ತನ್ನ ಎರಡೂ ಅಂಗೈ ನೋಡಿಕೊಂಡು, ಒರೆಸಿಕೊಳ್ಳಲು ಜಾಗ ಗೊತ್ತಾಗದೆ ಹಾಗೇ ನಿಂತ.

ಸೆರಗಿನಲ್ಲಿ ಬೋಕಿ ಕಟ್ಟಿಕೊಂಡು ಅವಳು ನಡೆದೇ ಹಿಂದಿರುಗಿದಳು. ಮಧ್ಯಾಹ್ನ ಜನ ದಡದಲ್ಲಿ ಕೂತು ಬುತ್ತಿ ಬಿಚ್ಚಿದ್ದರು. ಅವರ ನಡುವೆ ಸೆರಗು ಬಿಚ್ಚಿದಳು. ಅದೇನೆಂದು ಯಾರಿಗೂ ವಿವರಿಸಬೇಕಾಗಲಿಲ್ಲ; ಬಂಗಲೆಯ ಮೆಟ್ಟಿಲಿನ ಕಲ್ಲು ಯಾವ ಬಾವಿಯದೆಂದು ಮಾತ್ರ ಹೇಳಿದಳು. ಒಂದೊಂದೇ ಕೈ ಮುಂದೆ ಬಂದು ಒಂದೊಂದನ್ನು ಎತ್ತಿಕೊಂಡಿತು. ದರ್ಜಿಯ ಹೆಂಡತಿ ಎರಡು ತಳ ಹಿಡಿದುಕೊಂಡು ಅಕ್ಕಪಕ್ಕ ಇಟ್ಟು ನೋಡಿದಳು. ಆಮೇಲೆ ಬೆಂಕಿಯಾದಳು.

"ನೀನೇ ತೋರಿಸಿದ್ದು ಅಲ್ವಾ? ಇಲ್ಲಿ ಅಗೀರಿ ಅಂತ ನಿನ್ನ ಕೈಯಲ್ಲೇ ತೋರಿಸಿದೆ ಅಲ್ವಾ?"

"ಹೌದು, ನಾನೇ."

"ನನ್ನ ಮಕ್ಕಳನ್ನ ನನ್ನ ತಲೆ ಮೇಲೇ ಹೊರಿಸಿದೆಯಲ್ಲೇ."

ಗಡಿಗೆಯಕ್ಕ ತಲೆ ತಗ್ಗಿಸಿದಳು. ಹೊಡೆದರೆ ಹೊಡೆಯಲಿ ಎಂದುಕೊಂಡಳು. ಹೊಡೆದಿದ್ದರೆ ಸ್ವಲ್ಪ ಹಗುರವಾಗುತ್ತಿತ್ತೇನೋ. ಬಡಿಗಜ್ಜ ಕೋಲು ಊರಿಕೊಂಡು ಎದ್ದ.

"ಅವಳು ದಾರಿ ತಪ್ಪಿದ್ಲು, ಸರಿ. ನಾವೆಲ್ಲರೂ ತಪ್ಪಿಲ್ವಾ? ತಿಂಗಳಿಂದ ನಾನು ಇಲ್ಲದ ಬಾಗಿಲಿಗೆ ತಲೆ ತಗ್ಗಿಸ್ತಾ ಇದ್ದೆ. ಅಲ್ಲಿ ನನ್ನ ಮನೇನೂ ಇರಲಿಲ್ಲ, ನಿನ್ನ ಅಡುಗೆಮನೇನೂ ಇರಲಿಲ್ಲ. ದೊಡ್ಡ ಬಾವಿ ಅಂತ ನಂಬಿ ಓಣಿ ಹಿಡಿದ್ವಿ. ಆ ಬಾವಿ ಕಲ್ಲು ಕಿತ್ತೋರು ಯಾರು? ನಾವು ದಾರಿ ತಪ್ಪಿದವರು. ದಾರಿ ಅಳಿಸಿದೋನು ಬೇರೆ ಇದಾನೆ."

ದರ್ಜಿಯ ಹೆಂಡತಿ ಅಳಲು ಶುರುಮಾಡಿದಳು. ಅವಳ ಪಕ್ಕದಲ್ಲಿ ಗಡಿಗೆಯಕ್ಕನೂ ಕೂತಳು.

"ಹೊತ್ತಿಲ್ಲ ಕಣೇ," ಎಂದಳು. "ಮಣ್ಣಿನ ಕೆಲಸ ನನಗೆ ಗೊತ್ತು. ಹಸೀದಿದ್ರೆ ನೀರು ಬಿದ್ದ ತಕ್ಷಣ ಮಣ್ಣಾಗುತ್ತೆ. ಸುಟ್ಟ ಮೇಲೆ ಸಾವಿರ ವರ್ಷ ಆದ್ರೂ ಮತ್ತೆ ಮಣ್ಣಾಗಲ್ಲ. ನನ್ನದು ಸುಟ್ಟು ಹೋಯ್ತು. ನಿನ್ನವು ಇನ್ನೂ ಹಸಿ ಇವೆ. ಏಳು."

ಬುತ್ತಿಗಳನ್ನು ಹಾಗೇ ಬಿಟ್ಟು ಎಲ್ಲರೂ ಎದ್ದರು. ಖಾಲಿ ಬುಟ್ಟಿ ಎತ್ತಿಕೊಂಡರು. ಮೇಸ್ತ್ರಿ ಏನೋ ಕೂಗುತ್ತ ಹಿಂದೆ ಓಡಿ ಬಂದ. ಯಾರೂ ತಿರುಗಿ ನೋಡಲಿಲ್ಲ.

ಭಟ್ಟಿಗೆ ಸೌದೆ ತುಂಬುತ್ತಿದ್ದರು. ಸಾಹುಕಾರ ಕುರ್ಚಿ ಹಾಕಿಸಿಕೊಂಡು ಕೂತಿದ್ದ. ಜನ ಬಂದು ಹಸಿ ಇಟ್ಟಿಗೆಯ ಗೂಡಿನ ಸುತ್ತ ನಿಂತರು. ವಿಷಯ ಕೇಳಿ ಅವನು ಮೊದಲು ಮರುಗಿದಂತೆ ಮಾಡಿದ, ಆಮೇಲೆ ಗಡಿಯಾರ ನೋಡಿಕೊಂಡ.

"ಆಗಿದ್ದು ಆಗಿ ಹೋಯ್ತು. ತೋರಿಸಿದೋಳು ನಿಮ್ಮೋಳೇ. ಒಂದು ದಿನದ ಕೂಲಿ ಹೆಚ್ಚಿಗೆ ಕೊಡಿಸ್ತೀನಿ, ಹೋಗಿ."

ಯಾರೂ ಅಲುಗಲಿಲ್ಲ. ಅವನ ದನಿ ಬದಲಾಯಿತು.

"ಆಯ್ತು. ಈ ಇಟ್ಟಿಗೇಲಿ ನಿಮ್ಮ ಮಕ್ಕಳು ಯಾವುದು? ತೋರಿಸಿ, ಎತ್ತಿ ಕೊಡ್ತೀನಿ. ಉಳಿದಿದ್ದಕ್ಕೆ ಬೆಂಕಿ ಹಾಕ್ತೀನಿ."

ದರ್ಜಿಯ ಹೆಂಡತಿ ಇಟ್ಟಿಗೆಗಳ ಸಾಲಿನುದ್ದಕ್ಕೂ ಕಣ್ಣಾಡಿಸಿದಳು. ಎಲ್ಲವೂ ಒಂದೇ ಬಣ್ಣ, ಒಂದೇ ಅಳತೆ. ಗಡಿಗೆಯಕ್ಕ ಮುಂದೆ ಬಂದಳು.

"ಯಾವುದು ಅಲ್ಲ ಅಂತ ನೀವೇ ತೋರಿಸಿ ಸಾಹುಕಾರ್ರೇ. ಅದನ್ನ ನಾವು ಮುಟ್ಟಲ್ಲ."

ಸಾಹುಕಾರ ಇಟ್ಟಿಗೆಗಳ ಕಡೆ ನೋಡಿದ. ಅವನ ಕೈ ಕುರ್ಚಿಯಿಂದ ಮೇಲೇಳಲಿಲ್ಲ.

ಗೂಡಿನ ಮೇಲಿಂದ ಮೊದಲ ಇಟ್ಟಿಗೆ ತೆಗೆದವನು ಅಚ್ಚಿನ ಮುದುಕ. ತೆಗೆದು, ಮಗುವನ್ನು ಎತ್ತಿ ಕೊಡುವ ಹಾಗೆ ಎರಡೂ ಕೈಯಲ್ಲಿ ಹಿಡಿದು ದರ್ಜಿಯ ಹೆಂಡತಿಗೆ ಕೊಟ್ಟ. ಸೌದೆ ತುಂಬುತ್ತಿದ್ದವರು ಸೌದೆ ಕೆಳಗಿಟ್ಟು ಸಾಲಿನಲ್ಲಿ ನಿಂತರು. ಬುಟ್ಟಿಗಳು ತುಂಬಿದವು. ಸಾಹುಕಾರ ಕೂಗಾಡಿದ, ಪೊಲೀಸರಿಗೆ ಹೇಳಿ ಕಳಿಸಿದ. ಅವರು ಬರುವಷ್ಟರಲ್ಲಿ ಸಾಲು ಹೂಳಿಗೆ ಇಳಿದಾಗಿತ್ತು.

ಕಾಣುವುದು ಕೆಳಗಿನ ಬಾವಿ ಎಂದು ಈಗ ಗೊತ್ತಿತ್ತು. ಅಲ್ಲಿಂದ ಊರನ್ನು ಮತ್ತೆ ಎಣಿಸಿಕೊಂಡು ನಡೆದರು. ಈ ಸಲ ಓಣಿ ಬೇರೆ ಕಡೆ ತಿರುಗಿತು. ಬಡಿಗಜ್ಜ ಒಂದು ಕಡೆ ನಿಂತು, ಕಾಲಿನಿಂದ ಕೆಸರು ತಡವಿ, ತನ್ನ ನಿಜವಾದ ಬಾಗಿಲಿಗೆ ತಲೆ ತಗ್ಗಿಸಿ ಮುಂದೆ ಹೋದ. ಅಗೆದ ಗುಂಡಿಯಲ್ಲಿ ಇಟ್ಟಿಗೆಗಳನ್ನು ಇಳಿಸಿ ನೀರು ಸುರಿದರು. ಊರು ನುಂಗಿದ ನೀರೇ. ಬೇರೆ ನೀರು ಎಲ್ಲಿಂದ ತರುವುದು? ಇಟ್ಟಿಗೆಯ ಮೂಲೆಗಳು ಕರಗಿದವು, ಮಣ್ಣು ಮಣ್ಣಾಯಿತು. ಗಡಿಗೆಯಕ್ಕ ಕುಡಿಕೆಯ ಚೂರುಗಳನ್ನೆಲ್ಲ ಅದರ ಮೇಲೆ ಬೋರಲು ಇಟ್ಟಳು. ತನ್ನದನ್ನು ಮಾತ್ರ ಇಡಲಿಲ್ಲ. ಅವಳ ಮಗಳ ಮಣ್ಣು ಅಲ್ಲಿರಲಿಲ್ಲ.

ಹಸಿ ಇಟ್ಟಿಗೆ ಕದ್ದ ಮೊಕದ್ದಮೆ ಎಲ್ಲರ ಮೇಲೂ ಬಿತ್ತು. ಬಾವಿಯ ಕಲ್ಲು ಕದ್ದದ್ದಕ್ಕೆ, ಮಕ್ಕಳನ್ನು ಸುಟ್ಟದ್ದಕ್ಕೆ ಯಾವ ಕಲಮೂ ಇಲ್ಲವೆಂದು ಠಾಣೆಯವರು ಹೇಳಿದರು. ಮಳೆ ಬಂತು. ಬಾವಿಯ ಬಾಯಿ ನೀರೊಳಗೆ ಹೋಯಿತು. ಬಂಗಲೆಯ ಕೆಂಪು ಗೋಡೆ ಪೂರ್ತಿ ಎದ್ದು ನಿಂತಿತು. ಕೂಲಿಯವರನ್ನು ತಡೆಯಲಾರದೆ ಹೋದ ಮೇಸ್ತ್ರಿಯನ್ನು ಸಾಹುಕಾರ ಬಂಗಲೆಯ ಕಾವಲಿಗೆ ಹಾಕಿದ.

ಒಂದು ಬೆಳಿಗ್ಗೆ ಗೋಡೆಯ ಬುಡದಲ್ಲಿ, ದೊಡ್ಡವರ ಕಾರು ಬಂದು ನಿಲ್ಲುವ ಜಾಗದಲ್ಲಿ, ಅಂಗೈಯಗಲದ ಕುಡಿಕೆಯೊಂದು ಬೋರಲು ಕೂತಿತ್ತು. ಮೇಸ್ತ್ರಿ ಒದ್ದು ಒಡೆದ. ಮಾರನೆಯ ಬೆಳಿಗ್ಗೆ ಇನ್ನೊಂದು. ಅದನ್ನೂ ಒಡೆದ. ಏರಿನ ಮೇಲೆ ಗಡಿಗೆಯಕ್ಕನ ಚಕ್ರ ತಗಡು ಬಿಟ್ಟು ನೆಲಕ್ಕೆ ಇಳಿದಿತ್ತು. ನೀರಿನ ಅಂಚಿನ ಹೂಳು ಸೋಸಿ ಜೇಡಿ ಮಾಡಿಕೊಂಡು ಅವಳು ದಿನವೂ ಮಾಡುತ್ತಿದ್ದಳು. ಮೊದಲ ಲಾರಿಗಳಲ್ಲಿ ಮಕ್ಕಳು ಹೋದ ಮನೆಯವರು ಒಬ್ಬೊಬ್ಬರಾಗಿ ಬಂದು, ನಮಗೂ ಒಂದು ಕೊಡು ಎಂದರು. ಅವಳು ಕಾಸು ಕೇಳಲಿಲ್ಲ. ಗೋಡೆಯ ಬುಡದಲ್ಲಿ ಒಂದಿದ್ದದ್ದು ಸಾಲಾಯಿತು.

ಒಡೆಯುತ್ತಾನೆ, ಮಾಡುತ್ತಾರೆ. ಹೀಗೆ ಎಷ್ಟು ದಿನ ನಡೆಯಿತೋ. ಒಂದು ಬೆಳಿಗ್ಗೆ ಗಡಿಗೆಯಕ್ಕ, ದರ್ಜಿಯ ಹೆಂಡತಿ ಹೊಸ ಕುಡಿಕೆ ಹಿಡಿದುಕೊಂಡು ಹೋದಾಗ ಹಿಂದಿನ ದಿನದವು ಹಾಗೇ ಇದ್ದವು. ಮೇಸ್ತ್ರಿ ನೀರಿನ ಬಕೆಟ್ಟು ಹಿಡಿದು ಬರುತ್ತಿದ್ದ. ಸಾಲಿನ ಹತ್ತಿರ ಬಂದು ನಿಂತ. ಬಲಕ್ಕೆ ತಿರುಗಿ, ಗೋಡೆಯಿಂದ ದೂರ ಹೋಗಿ, ಉದ್ದಕ್ಕೆ ಬಳಸಿಕೊಂಡು ಬಾಗಿಲ ಕಡೆ ನಡೆದ.

ದರ್ಜಿಯ ಹೆಂಡತಿಗೆ ತಡೆಯಲಾಗಲಿಲ್ಲ.

"ಯಾಕೆ ಮೇಸ್ತ್ರಿ, ಸುತ್ತು ಹೊಡೀತೀರಿ? ನೇರ ಹೋಗಿ. ಅಲ್ಲೇನಿದೆ?"

ಮೇಸ್ತ್ರಿ ಬಕೆಟ್ಟನ್ನು ಕೈ ಬದಲಾಯಿಸಿಕೊಂಡ. ಅವರ ಮುಖ ನೋಡಲಿಲ್ಲ.

"ನೇರ ಹೇಗೆ ಹೋಗೋದು?" ಎಂದ. "ಅಡ್ಡ ಮಕ್ಕಳಿದಾರಲ್ಲ."